ಉಸಿರು ಎಡುಪ್ಪಾ

ಅವನ ಕುತ್ತಿಗೆಯ ಬುಡದಲ್ಲಿ ಒಂದು ಗುಳಿ ಇತ್ತು. ಮಾತಾಡುವಾಗ ಕಾಣುತ್ತಿರಲಿಲ್ಲ. ಹಾಡುವಾಗ, ಅಂದರೆ ಅವನು ಹಾಡು ಎಂದು ಕರೆಯುತ್ತಿದ್ದುದನ್ನು ಮಾಡುವಾಗ, ಉಸಿರೆಳೆದಾಗಲೆಲ್ಲ ಅದು ಒಂದು ಚಮಚ ಎಣ್ಣೆ ಹಿಡಿಯುವಷ್ಟು ಆಳಕ್ಕೆ ಇಳಿಯುತ್ತಿತ್ತು.

ತಮಿಳು ಸೀಮೆಯ ಮಾಧವರಂನಲ್ಲಿದ್ದ ನಮ್ಮ ಮನೆಯ ಮಹಡಿಯಲ್ಲಿ ತಾಯಿಯ ಜೊತೆ ಬಾಡಿಗೆಗಿದ್ದ. ಗಿಂಡಿ ಬಡಾವಣೆಯ ಆಫೀಸುಗಳಲ್ಲಿ ಲಿಫ್ಟ್ ರಿಪೇರಿ ಕೆಲಸ. ಭಾನುವಾರ ಚರ್ಚು. ಮಿಕ್ಕ ಹೊತ್ತೆಲ್ಲ ಕ್ರಿಸ್ತನ ಮೇಲೆ ತಮಿಳಿನಲ್ಲಿ ಹಿಪ್‌ಹಾಪ್. ಮೊದಲ ಸಲ ಅದು ಮೇಲಿನಿಂದ ಇಳಿದು ಬಂದಾಗ ನಮ್ಮ ಅಡುಗೆಮನೆಯ ಸ್ಟೀಲ್ ಲೋಟಗಳು ನಡುಗಿದವು. ಮನೆ ಯಜಮಾನನಿಗೆ ತಕ್ಕ ಗಾಂಭೀರ್ಯದಿಂದ ಅಂಗಿ ತೊಟ್ಟು ಮೆಟ್ಟಿಲು ಹತ್ತಿದೆ.

"ಏನಪ್ಪಾ ಇದು ಗಲಾಟೆ?"

"ಸ್ತೋತ್ರ, ಸಾರ್."

ಬೈಯಲು ಹೋದವನು ಕೂತು ಕೇಳಿದೆ. ತಳದಲ್ಲಿ ಎದೆಗೆ ಗುದ್ದುವ ಡ್ರಮ್ಮು. ಅದರ ಮೇಲೆ ಹೊಲಿಗೆ ಯಂತ್ರದಂತೆ ಓಡುವ ತಾಳ. ನಡುವೆ ಅವನ ತಾಯಿ ಎಂದೋ ಚರ್ಚಿನಲ್ಲಿ ಹಾಡಿದ್ದ ಕ್ಯಾಸೆಟ್ಟಿನ ಒಂದೇ ತುಣುಕು ಸುತ್ತಿ ಸುತ್ತಿ ಬರುತ್ತಿತ್ತು. ಎಲ್ಲದರ ಮೇಲೆ ಅವನ ನಾಲಿಗೆ. ಎರಡು ಪೆಟ್ಟು ಕೂರುವ ಜಾಗದಲ್ಲಿ ಮೂರು ಕೂರಿಸುತ್ತಿದ್ದ.

"ಇದು ತಿಶ್ರ ನಡೆ ಕಣಯ್ಯಾ!" ಎಂದೆ.

"ಯಾರು ಸಾರ್ ಅವನು? ಅಮೆರಿಕದವನಾ?"

ಮೈಸೂರಿನಲ್ಲಿ ಮೂರು ವರ್ಷ ಮೃದಂಗ ಕಲಿತು, ಮೃದಂಗದ ಕ್ಷೇಮಕ್ಕಾಗಿ ಗುರುಗಳಿಂದ ಬಿಡುಗಡೆ ಪಡೆದವನು ನಾನು. ಅಂದಿನಿಂದ ಅವನು ಕಟ್ಟುತ್ತಿದ್ದ ಎಂಟು ಹಾಡಿನ ಆಲ್ಬಮ್ಮಿಗೆ, ಯಾರೂ ಕೇಳದಿದ್ದರೂ, ತಾಳದ ಮೇಲ್ವಿಚಾರಕನಾದೆ.

ಅವನ ಹಾಡುಗಳಲ್ಲಿ ಹೊಗಳಿಕೆ ಇರಲಿಲ್ಲ, ದೂರು ಇತ್ತು. ನಾಲ್ಕನೇ ಮತ್ತು ಐದನೇ ಮಹಡಿಯ ನಡುವೆ ಲಿಫ್ಟು ನಿಂತಿದೆ, ದೀಪ ಹೋಗಿದೆ, ಒಳಗಿನವನು ಗಂಟೆ ಒತ್ತುತ್ತಲೇ ಇದ್ದಾನೆ, ಮೇಲೆ ಯಾರಾದರೂ ಇದ್ದೀರಾ? ತಾಯಿಗೆ ಇದು ಹಿಡಿಸದು. "ಸ್ತೋತ್ರ ಅಂದ್ರೆ ಕೈಮುಗಿದು ಹೇಳೋದು. ಇವನು ಕರ್ತರ ಅಂಗಿ ಹಿಡಿದು ಜಗಳಕ್ಕೆ ನಿಲ್ತಾನೆ" ಎನ್ನುತ್ತಿದ್ದರು.

"ಯೋಬನೂ ದೇವರ ಜೊತೆ ಜಗಳ ಆಡಿದಾನೆ ಅಮ್ಮಾ. ಅವನನ್ನ ಬೈಬಲಿಂದ ಆಚೆ ಹಾಕಿದ್ರಾ?" ಎಂದು ಮಗನ ಮರುಪ್ರಶ್ನೆ.

ಏಳು ಹಾಡು ಮುಗಿದ ಮೇಲೆ ಹೇಳಿದ: ಎದೆಯ ಒಂದು ಕವಾಟ ಸರಿಯಾಗಿ ಮುಚ್ಚುತ್ತಿಲ್ಲ, ಆಪರೇಷನ್ ಆಗಬೇಕು. "ಬಾಗಿಲು ಮುಚ್ಚದಿದ್ರೆ ಲಿಫ್ಟ್ ಏರಲ್ಲ ಸಾರ್, ಅಷ್ಟೇ." ಎಂಟನೆಯದನ್ನು ಅದಕ್ಕೆ ಮೊದಲೇ ಮುಗಿಸಬೇಕು ಎಂಬುದು ಅವನ ಹಠ. ಏದುಸಿರು ಬರುವ ಕೆಲಸ ಬೇಡವೆಂದು ಡಾಕ್ಟರು ಹೇಳಿದ್ದರು. ಹಿರಿಯನಾದ ನಾನು ತಡೆಯಬೇಕಿತ್ತು. ತಡೆಯಲಿಲ್ಲ. ಬದಲಿಗೆ ಸದ್ದು ನುಗ್ಗದ ನಮ್ಮ ಉಗ್ರಾಣದ ಕೋಣೆಯನ್ನು ರೆಕಾರ್ಡಿಂಗಿಗೆ ಬಿಟ್ಟುಕೊಟ್ಟು, ಕಿಟಕಿಗೆ ಎರಡು ಕಂಬಳಿಯನ್ನೂ ಕಟ್ಟಿದೆ.

ಕೊನೆಯ ಎಂಟು ಸಾಲುಗಳನ್ನು ಒಂದೇ ಉಸಿರಿನಲ್ಲಿ ಹೇಳಬೇಕು ಎಂದು ಬರೆದುಕೊಂಡಿದ್ದ.

"ತುಂಡು ತುಂಡಾಗಿ ಹೇಳಿ ಅಂಟಿಸಬಹುದಲ್ಲಯ್ಯಾ?"

"ಅಂಟಿಸಿದ್ರೆ ಸುಳ್ಳಾಗುತ್ತೆ ಸಾರ್."

ನಾಲ್ಕು ಸಲ ತಪ್ಪಿತು. ಐದನೇ ಸಲ ಆರನೇ ಸಾಲು ಮುಗಿಯುವಾಗ ಅವನ ಮುಖ ಕಪ್ಪಿಟ್ಟಿತು. ಗುಳಿ ಇಳಿಯಲೇ ಇಲ್ಲ. ಮೈಕಿನ ನೆನಪು ತಪ್ಪಿ ನನ್ನ ಘನವಾದ ತಮಿಳಿನಲ್ಲಿ ಕೂಗಿಬಿಟ್ಟೆ: "ಉಸಿರು ಎಡುಪ್ಪಾ!"

ಅವನು ಗಬಕ್ಕನೆ ಉಸಿರೆಳೆದು, ಉಳಿದೆರಡು ಸಾಲು ಮುಗಿಸಿ, ಅಕ್ಕಿ ಮೂಟೆಯ ಮೇಲೆ ಕುಸಿದು ನಗತೊಡಗಿದ. ಉಸಿರು ತಗೋ ಎಂಬುದು ನನ್ನ ಅರ್ಥ. ತಮಿಳಿನಲ್ಲಿ ಉಸಿರಿಗೆ ಮೂಚ್ಚು ಎನ್ನಬೇಕಂತೆ. ಉಸುರು ಎಂದರೆ ಪ್ರಾಣ. ನಾನು ಕೂಗಿದ್ದು, ಪ್ರಾಣ ತೆಗೆ ಎಂದು.

"ಅಳಿಸಪ್ಪಾ ಅದನ್ನ."

"ಇರಲಿ ಸಾರ್. ಇಡೀ ಆಲ್ಬಮ್ಮಲ್ಲಿ ನಾನು ಕೂಗ್ತಾನೇ ಇದೀನಿ. ಬಂದಿರೋ ಉತ್ತರ ಇದೊಂದೇ."

ಹೀಗೆ ನಾನು ಯಾವ ತಪಸ್ಸೂ ಮಾಡದೆ ಎರಡು ಪದಗಳ ಮಟ್ಟಿಗೆ ದೇವರಾದೆ.

ಆಪರೇಷನ್ ಆದ ಮೇಲೆ ಅವನು ಎಚ್ಚರಗೊಳ್ಳಲಿಲ್ಲ.

ಚರ್ಚಿನ ಸ್ಮರಣೆ ಪ್ರಾರ್ಥನೆಯಲ್ಲಿ ಎಂಟನೇ ಹಾಡು ಹಾಕಬೇಕೆಂದು ಅವನ ಗೆಳೆಯರ ಆಸೆ. ಹಿಂದಿನ ದಿನ ಪಾದ್ರಿಗಳು ಮಹಡಿಗೆ ಬಂದು ಹಾಡನ್ನು ಕೇಳಿದರು. ಕೇಳಿ ಸಂಕೋಚದಿಂದ, "ಆ ಕೂಗೊಂದನ್ನ ತೆಗೆದುಬಿಡೋಣ. ಸತ್ತವನ ಮುಂದೆ ಪ್ರಾಣ ತೆಗೆ ಅಂದ ಹಾಗಾಗುತ್ತೆ" ಎಂದರು. ನಾನು ತಲೆ ಎತ್ತದೆ, "ತೆಗೀರಿ ಸ್ವಾಮಿ, ದಮ್ಮಯ್ಯ" ಎಂದೆ.

ತಾಯಿ ಅಲ್ಲಿಯವರೆಗೆ ಮಗನ ಯಾವ ಹಾಡನ್ನೂ ಪೂರ್ತಿ ಕೇಳಿದವರಲ್ಲ. ನನ್ನ ಕಡೆ ತಿರುಗಿದರು.

"ನಿಮ್ಮ ಭಾಷೇಲಿ ಅದಕ್ಕೇನು ಅರ್ಥ, ಸಾರ್?"

"ಉಸಿರು ತಗೋ ಅಂತ ಅಮ್ಮಾ. ಮೂಚ್ಚು."

"ಚಿಕ್ಕವನಿದ್ದಾಗ ಬೈಬಲ್ ವಚನ ಒಪ್ಪಿಸೋವಾಗ ನಿಲ್ಲಿಸ್ತಾನೇ ಇರಲಿಲ್ಲ. ನಾನೂ ಹಂಗೇ ಅಂತಿದ್ದೆ, ಮೂಚ್ಚು ಎಡು ಕಣ್ಣಾ ಅಂತ. ಅದು ಇರಲಿ, ಅಯ್ಯಾ" ಎಂದು ಪಾದ್ರಿಗಳಿಗೆ ಹೇಳಿದರು.

ಮರುದಿನ ಚರ್ಚಿನಲ್ಲಿ ಬೆಂಚುಗಳು ನಡುಗುವಂತೆ ಆ ಹಾಡು ಬಂತು. ನನ್ನ ಕೂಗು ಬಂದಾಗ ಸಭೆಯೆಲ್ಲ ತಲೆ ತಗ್ಗಿಸಿತು. ಅವರಿಗೆ ಕೇಳಿಸಿದ್ದು ಪ್ರಾಣ. ಕೂಗಿನ ಹಿಂದೆಯೇ ಅವನು ಎಳೆದುಕೊಂಡ ಉಸಿರಿನ ಸದ್ದೂ ಇದೆ. ಅದು ಕೇಳಿಸಿದಾಗ ಮುಂದಿನ ಬೆಂಚಿನಲ್ಲಿ ಆ ತಾಯಿಯ ಭುಜಗಳು ಒಮ್ಮೆ ಮೇಲೆದ್ದು, ಅವನು ಉಳಿದೆರಡು ಸಾಲು ಮುಗಿಸುವ ತನಕ ಹಾಗೇ ನಿಂತು, ಆಮೇಲೆ ಇಳಿದವು.