ರಿವರ್ಸ್ ಇಲ್ಲದ ಕಾರು

ಮಂಗಳೂರಿನಲ್ಲಿ ನಮ್ಮ ಮನೆತನಕ್ಕೆ ಮೂರು ತಲೆಮಾರಿನಿಂದ ಒಳ್ಳೆಯ ಹೆಸರಿದೆ. ಇಗರ್ಜಿಯಲ್ಲಿ ಮುಂದಿನ ಬೆಂಚು ನಮ್ಮದು. ನಮ್ಮವರ ಮಾತನ್ನು ಯಾರೂ ಎರಡನೆಯ ಸಲ ವಿಚಾರಿಸಿದ್ದಿಲ್ಲ.

ತೊಂಬತ್ತರ ದಶಕದಲ್ಲಿ ನಾನು ದೋಹಾದ ಆಸ್ಪತ್ರೆಯೊಂದರಲ್ಲಿ ಮೇಟ್ರನ್ ಆಗಿದ್ದೆ. ಒಂದು ಶುಕ್ರವಾರ ಅಲ್ ರಯ್ಯಾನಿನಲ್ಲಿ ಇಂಗ್ಲಿಷ್ ಇಂಜಿನಿಯರೊಬ್ಬರ ಮನೆಗೆ ನಾವು ಕೆಲವರು ಊಟಕ್ಕೆ ಹೋಗಿದ್ದೆವು. ಹಳೆಯ ಕಾರುಗಳ ಹುಚ್ಚಿದ್ದ ಅವರು, ಕೆಲವೇ ವರ್ಷ ನಡೆದು ಮುಚ್ಚಿಹೋದ ಬ್ರಿಟನ್ನಿನ ಒಂದು ಸಣ್ಣ ಕಂಪನಿಯ ಕಥೆ ತೆಗೆದರು. ಹೆಸರು ಕೇಳಿದ್ದೇ ನಾನೆಂದೆ: "ಆ ಕಾರು ನಮ್ಮ ಅಜ್ಜನ ಹತ್ತಿರ ಇತ್ತು. ಮೂರೇ ಚಕ್ರ, ರಿವರ್ಸ್ ಗೇರ್ ಇಲ್ಲ. ಇಗರ್ಜಿಯ ಅಂಗಳದಲ್ಲಿ ನಾಲ್ಕು ಜನ ಎತ್ತಿ ತಿರುಗಿಸುತ್ತಿದ್ದರು."

ಜೊತೆಗೆ ಬಂದಿದ್ದ ನಮ್ಮೂರಿನವರೇ ಆದ ಪಿಂಟೊ ಮೇಜು ಬಡಿದು ನಕ್ಕರು. ಕೊಂಕಣಿಯಲ್ಲಿ ಹೆಂಗಸರನ್ನು ಕರೆಯುವ ಹಾಗೆ ಅವರು ನನ್ನನ್ನು 'ಬಾಯಿ' ಎನ್ನುತ್ತಿದ್ದರು. "ಮೇಟ್ರನ್ ಬಾಯಿ, ಅದು ರಿಕ್ಷಾ! ರಿಕ್ಷಾಕ್ಕೂ ರಿವರ್ಸ್ ಉಂಟು ಮಾರಾಯ್ರೆ. ಖಲಾಸ್, ಬುರುಡೆ ಸಾಕು."

ಆತಿಥೇಯರು ನಗಲಿಲ್ಲ. "ಅವರು ಹೇಳಿದ್ದು ಸರಿ. ರಿವರ್ಸ್ ಇಲ್ಲದಿದ್ದರೆ ನಮ್ಮ ಬ್ರಿಟನ್ನಿನಲ್ಲಿ ಆಗ ಅದನ್ನು ಮೋಟಾರ್‌ಸೈಕಲ್ ಲೈಸೆನ್ಸಿನಲ್ಲೇ ಓಡಿಸಬಹುದಿತ್ತು. ಆಮೇಲೆ ಅಗ್ಗದ ನಾಲ್ಕು ಚಕ್ರದ ಕಾರುಗಳು ಬಂದವು, ಕಂಪನಿ ಮುಳುಗಿತು."

"ಹಾಗಾದರೆ ನಿಮ್ಮ ಅಜ್ಜ ಬೈಕಿನ ಲೈಸೆನ್ಸಿನವರು!" ಎಂದು ಪಿಂಟೊ ಮತ್ತೆ ನಕ್ಕರು. ದೋಹಾದ ಬಿನ್ ಒಮ್ರಾನ್ ಬಡಾವಣೆಯ ನಮ್ಮವರ ಕೂಟಗಳಲ್ಲಿ ಆಮೇಲೆ ನಾನು "ರಿಕ್ಷಾ ಬಾಯಿ" ಆದೆ. ಆ ಮಧ್ಯಾಹ್ನ ನನ್ನ ಮಾತು ನಿಜವೆಂದು ತಿಳಿದದ್ದನ್ನು ಮಾತ್ರ ಪಿಂಟೊ ಯಾರಿಗೂ ಹೇಳಲಿಲ್ಲ.

ತಮಾಷೆ ನನಗೂ ಅರ್ಥವಾಗುತ್ತದೆ. ಇದು ತಮಾಷೆಯಲ್ಲ. ಪಿಂಟೊ ಈಗ ನಿವೃತ್ತರಾಗಿ ಮಂಗಳೂರಿನಲ್ಲೇ ಇದ್ದಾರೆ, ಕನ್ನಡವನ್ನೂ ಓದುತ್ತಾರೆ. ಅವರು ನನ್ನ ಕ್ಷಮೆ ಕೇಳಬೇಕು.