ಗಿಳಿ ಕಚ್ಚಿದ ಪೇರಲ

ಹಂಪಿ ಬಜಾರಿನ ಕಲ್ಲುಮಂಟಪಗಳಲ್ಲಿ ಜನ ಒಲೆ ಹೂಡಿ ಬಾಳುತ್ತಿದ್ದ ಕಾಲ ಅದು. ನಮ್ಮ ಮನೆಯೂ ಅಂಥದೇ ಒಂದು ಮಂಟಪ. ನನ್ನಷ್ಟು ಕಿಡಿಗೇಡಿ ಇಡೀ ಬಜಾರಿನಲ್ಲಿ ಇನ್ನೊಬ್ಬನಿರಲಿಲ್ಲ. ಇದ್ದರೆ ಬಂದು ಹೇಳಲಿ.

ಪಕ್ಕದ ಮಂಟಪದ ಗಂಗಾಧರ ನನ್ನ ಗೆಳೆಯ. ಮಾತು ಹೊರಡುವಾಗ ಅವನ ನಾಲಿಗೆ ಮೊದಲ ಅಕ್ಷರಕ್ಕೇ ಅಂಟಿಕೊಳ್ಳುತ್ತಿತ್ತು. ಕೂಸು ಆಡಿದರೆ 'ತೊದಲು' ಎಂದು ಮುದ್ದು ಮಾಡುತ್ತೇವಲ್ಲ, ಅದೇ ಪದವನ್ನು ಒಂಬತ್ತು ವರ್ಷದ ಹುಡುಗನ ಮೇಲೆ ಕಲ್ಲಿನ ಹಾಗೆ ಎಸೆದೆವು: 'ತೊದ್ಲ'. ನಾಲಿಗೆ ಹಲ್ಲಿಗೆ ತಾಕಿ ತಡವರಿಸುವ ಸದ್ದೇ ಆ ಪದವಾಗಿರಬೇಕು. ಮೂಲವನ್ನು ಪಂಡಿತರು ಹುಡುಕಿಕೊಳ್ಳಲಿ. ನಮ್ಮ ಓಣಿಗೆ ಅದನ್ನು ತಂದವನು ಮಾತ್ರ ನಾನೇ.

ಗಿಳಿ ಕಚ್ಚಿದ ಹಣ್ಣು ತಿಂದರೆ ಮಾತು ತಿಳಿಯಾಗುತ್ತದೆಂದು ಅವನ ಅಜ್ಜಿಯ ನಂಬಿಕೆ. "ಗೋಪುರದಾಗಿನ ಗಿಳಿ ತ್ವಾಟಕ್ಕ ಹೋಗ್ತಾವಲ್ಲ, ಅವು ಕಚ್ಚಿದ್ದು ದಿನಾ ಒಂದ್ ಪೇರಲಹಣ್ಣು ತಂದ್ಕೊಡೋ ನನ್ನಪ್ಪಾ" ಎಂದು ನನ್ನ ಗದ್ದ ಹಿಡಿದಳು. ಶಾಲೆಗೆ ಹೊಸ ಮಾಸ್ತರು ಬರುವವರಿದ್ದರು. ಅವರ ಮುಂದೆ ತನ್ನ ಹೆಸರನ್ನು ತಡವರಿಸದೆ ಹೇಳಬೇಕೆಂಬುದೇ ಗಂಗಾಧರನ ಆಸೆ.

ಗಿಳಿಯ ಹಿಂದೆ ಅಲೆಯುವವರು ಯಾರು? ಪೇರಲ ಕಿತ್ತು, ಮುಂದಿನ ಹಲ್ಲಿನಿಂದ ಕೊಕ್ಕಿನ ಗುರುತಿನ ಹಾಗೆ ನಾನೇ ಕಚ್ಚಿ ಕೊಡುತ್ತಿದ್ದೆ. ಅವನು ಕಣ್ಣು ಮುಚ್ಚಿ ಬೀಜ ಸಮೇತ ನುಂಗುತ್ತಿದ್ದ. ಹದಿನೈದು ದಿನವಾದ ಮೇಲೆ ಒಮ್ಮೆ ದೂರದಿಂದಲೇ ನನ್ನನ್ನು ಕೂಗಿದ: "ಲೇ ಶಿವ್ಯಾ, ಜಲ್ದಿ ಹಣ್ಣು ತಾರಲೇ!" ಒಂದೇ ಉಸಿರಿಗೆ! ನಾನೇ ಬೆರಗಾದೆ.

ಮಾಸ್ತರು ಬಂದ ದಿನ ಅವನು ಎದ್ದು ನಿಂತು, "ಗಂಗಾಧರ ರೀ ಸರ್" ಎಂದ. ಎಲ್ಲೂ ತಡವರಿಸಲಿಲ್ಲ. ಮುಖ ಅರಳಿತು. ನನಗೆ ಸುಮ್ಮನಿರಲಾಗಲಿಲ್ಲ. ಪವಾಡ ಮಾಡಿದವನು ನಾನು, ಯಾರಿಗೂ ಗೊತ್ತಾಗದಿದ್ದರೆ ಹೇಗೆ?

"ಸರ್, ಇವ ತೊದ್ಲ ಇದ್ದ ರೀ! ಗಿಳಿ ಕಚ್ಚಿದ್ದು ಅಂತ ನನ್ನ ಎಂಜಲಾ ತಿಂದು ಮಾತು ಕಲ್ತಾನ!"

ತರಗತಿ ಬಿದ್ದು ಬಿದ್ದು ನಕ್ಕಿತು. ಗಂಗಾಧರ ನನ್ನತ್ತ ತಿರುಗಿ, "ನೀ... ನೀ... ನೀ..." ಎಂದ. ಮುಂದಿನ ಮಾತು ಬರಲೇ ಇಲ್ಲ. ಆಮೇಲೆ ಅವನು ನನ್ನೊಡನೆ ಬಾಯಿ ಬಿಡಲಿಲ್ಲ.

ಮೊನ್ನೆ ಕಂಪ್ಲಿಯಲ್ಲಿರುವ ಅವನ ಅಕ್ಕಿ ಗಿರಣಿಗೆ ಹೋಗಿದ್ದೆ. ಅಲ್ಲಿ ಗಿರಾಕಿಗಳೊಡನೆ ಅವನ ಮಗನೇ ಮಾತಾಡುತ್ತಾನೆ. "ಆ ಪೇರಲಹಣ್ಣಿಂದು... ನಂದು ತಪ್ಪಾತಲೇ ಗಂಗ್ಯಾ" ಎಂದೆ. ಅವನ ತುಟಿ ಅದುರಿತು. ಮಗ ಮಾತು ಪೂರೈಸಲು ಬಂದ. ಗಂಗಾಧರ ಕೈ ಎತ್ತಿ ಅವನನ್ನು ತಡೆದ. ನಾನು ಕಾದೆ.

"ಪೇ... ಪೇ... ಪೇರಲ... ಭಾಳ ಸೀ ಇದ್ವಲೇ."

ಅಷ್ಟು ಹೇಳಲು ಅವನಿಗೆ ಅರ್ಧ ನಿಮಿಷ ಹಿಡಿಯಿತು. ಆ ಅರ್ಧ ನಿಮಿಷವನ್ನು ಐವತ್ತು ವರ್ಷದ ಹಿಂದೆ ಕೊಟ್ಟಿದ್ದರೆ, ಅವನ ಎಷ್ಟು ಮಾತು ನನ್ನ ಪಾಲಿಗೆ ಉಳಿಯುತ್ತಿತ್ತೋ.