ಹುಳ ಮೇಯುವ ಸದ್ದು

ಸೊಪ್ಪು ಹಾಕಿದ ಮೇಲೆ ಒಂದು ಗಳಿಗೆ ಏನೂ ಕೇಳುವುದಿಲ್ಲ. ಆಮೇಲೆ ಎಲ್ಲೋ ಒಂದು ಮೂಲೆಯ ತಟ್ಟೆಯಲ್ಲಿ ಶುರುವಾಗುತ್ತದೆ. ಪಕ್ಕದ ತಟ್ಟೆಗೆ ಹಬ್ಬುತ್ತದೆ, ಅದರ ಮೇಲಿನದಕ್ಕೆ ಏರುತ್ತದೆ. ನೋಡನೋಡುತ್ತಾ ಇಡೀ ಕೋಣೆ ಒಣಗಿದ ಗರಿಯ ಮೇಲೆ ಸಣ್ಣ ಹನಿ ಬಿದ್ದ ಹಾಗೆ ಸದ್ದು ಮಾಡುತ್ತದೆ. ರೇಷ್ಮೆ ಹುಳ ಸೊಪ್ಪು ಮೇಯುವ ಸದ್ದು ಅದು. ಹುಳ ಪೊರೆ ಕಳಚುವ ಮುಂಚೆ ಮೇವು ಬಿಟ್ಟು, ತಲೆ ಎತ್ತಿಕೊಂಡು ಸುಮ್ಮನೆ ನಿಲ್ಲುವುದಕ್ಕೆ ನಮ್ಮ ಕಡೆ ಜ್ವರ ಅನ್ನುತ್ತಾರೆ. ನಾಲ್ಕನೇ ಜ್ವರ ಎದ್ದ ಹುಳಕ್ಕೆ ಎಲ್ಲಿಲ್ಲದ ಹಸಿವು. ಆಗ ಕೇಳಬೇಕು ಅದನ್ನು.

ಈಗ ಕೋಲಾರದ ನನ್ನ ಎರಡು ಕೋಣೆಯ ಮನೆಯಲ್ಲಿ ಫ್ಯಾನಿನ ಸದ್ದು ಬಿಟ್ಟರೆ ಬೇರೆ ಇಲ್ಲ. ಕರೆಂಟು ಹೋದಾಗ ಅದೂ ಇಲ್ಲ. ಅಂಥ ಹೊತ್ತಿನಲ್ಲಿ ನಾನು ಹುಳದ ಸದ್ದನ್ನು ನೆನಪಿಗೆ ತಂದುಕೊಳ್ಳಲು ಪ್ರಯತ್ನಿಸುತ್ತೇನೆ. ಕೆಲವು ದಿನ ಬರುತ್ತದೆ. ಕೆಲವು ದಿನ, ಐ ಆ್ಯಮ್ ಸಾರಿ ಟು ಸೇ, ಬರುವುದಿಲ್ಲ.

ನಮ್ಮೂರು ಶ್ರೀನಿವಾಸಪುರದಿಂದ ಗೌನಿಪಲ್ಲಿಗೆ ಹೋಗುವ ದಾರಿಯಲ್ಲಿ, ಮಾವಿನ ತೋಪುಗಳ ನಡುವೆ. ಅಪ್ಪ ಬೇಗ ಹೋದರು. ಅಮ್ಮ ಹುಳ ಸಾಕಿ ನನ್ನನ್ನೂ ತಮ್ಮನನ್ನೂ ಬೆಳೆಸಿದಳು. ಕೋಲಾರದಲ್ಲಿದ್ದ ಸೋದರಮಾವನ ಹಠದಿಂದ ನಾನು ಕಾನ್ವೆಂಟ್ ಬೋರ್ಡಿಂಗ್ ಸೇರಿದೆ. ಅಲ್ಲಿ ಸಿಸ್ಟರುಗಳು ನನಗೆ ಇಂಗ್ಲಿಷು, ಟೇಬಲ್ ಮ್ಯಾನರ್ಸು, ಜೊತೆಗೆ ಚಾಪೆಲ್‌ನ ಹಳೇ ಪಿಯಾನೋ ಕಲಿಸಿದರು. ಊರಲ್ಲೇ ಉಳಿದ ತಮ್ಮ, ಮುಳಬಾಗಿಲಿನಿಂದ ಪೌರಾಣಿಕ ನಾಟಕ ಕಲಿಸಲು ಬರುತ್ತಿದ್ದ ಮೇಷ್ಟ್ರ ಹಿಂದೆ ಬಿದ್ದು ಹಾರ್ಮೋನಿಯಂ ಕಲಿತ. ನನ್ನದು ಕಾಗದ ನೋಡಿ ನುಡಿಸುವ ಸಂಗೀತ, ಅವನದು ಕಿವಿಯ ಸಂಗೀತ. ರಜಕ್ಕೆ ಬಂದಾಗ ನಾನು ದೊಡ್ಡ ಇವಳ ಹಾಗೆ, "ಸಿಟ್ ಸ್ಟ್ರೇಟ್, ಸ್ಟುಪಿಡ್ ಬಾಯ್" ಅನ್ನುತ್ತಿದ್ದೆ. ಅವನು, "ಅಕ್ಕಾ, ಬೆನ್ನಲ್ಲಿ ಬಾರಿಸಲ್ಲ ಕಣೇ, ಬೆರಳಲ್ಲಿ ಬಾರಿಸೋದು" ಅನ್ನುತ್ತಿದ್ದ.

ಹುಳ ಇದ್ದ ಮನೆಯಲ್ಲಿ ವಾಸನೆ ಕೂಡದು. ಬೀಡಿ, ನಶ್ಯ, ಗಂಧದೆಣ್ಣೆ ಯಾವುದೂ ಹೊಸಲು ದಾಟುವಂತಿರಲಿಲ್ಲ. ಪಕ್ಕದ ತೋಪಿನಲ್ಲಿ ಮಾವಿಗೆ ಔಷಧಿ ಹೊಡೆಯುವ ದಿನ ಅಮ್ಮ ಅಂಗಳದಲ್ಲಿ ನಿಂತು ಗಾಳಿ ಯಾವ ಕಡೆಗಿದೆ ಅಂತ ನೋಡಿ ಕಿಟಕಿಗಳಿಗೆ ಒದ್ದೆ ಗೋಣಿ ಕಟ್ಟುತ್ತಿದ್ದಳು. ಬೆಳೆ ಮುಗಿಯುವ ತನಕ ನಮ್ಮ ದೇವರಿಗೂ ಊದುಬತ್ತಿ ಇಲ್ಲ, ಬರೀ ಹೂವು. ಕಾನ್ವೆಂಟಿನಿಂದ ಮುಖಕ್ಕೆ ಪೌಡರ್ ಹಾಕಿಕೊಂಡು ಬಂದ ನನ್ನನ್ನು ಅಮ್ಮ ಬಚ್ಚಲಿಗೆ ಅಟ್ಟುತ್ತಿದ್ದಳು. "ಏಮ್ಮಾ ದೊರೆಸಾನಿ, ಮೊದ್ಲು ಮುಖ ತೊಳ್ಕೊ. ಆಮೇಲೆ ನನ್ ಮಕ್ಕಳನ್ನ ನೋಡೀವಂತೆ." ಮಕ್ಕಳು ಅಂದರೆ ಹುಳ. ನಾವಿಬ್ಬರು ಆಮೇಲಿನವರು.

ತಮ್ಮನಿಗೆ ಆ ಕೋಣೆಯಲ್ಲೇ ನಿದ್ದೆ. ತಟ್ಟೆಗಳ ಕೆಳಗೆ ಚಾಪೆ ಹಾಸಿಕೊಂಡು ಮಲಗಿ, ಸದ್ದಿನ ಮೇಲೆ ಏನೋ ಗುನುಗಿಕೊಳ್ಳುತ್ತಿದ್ದ. ಈ ಸದ್ದು ಯಾಕೆ ಯಾವ ಹಾಡಲ್ಲೂ ಇಲ್ಲ ಅಂತ ಒಂದು ಸಲ ಕೇಳಿದ.

ಮೀಸೆ ಸರಿಯಾಗಿ ಮೂಡುವ ಮುಂಚೆಯೇ ಅವನು ಮದ್ರಾಸಿಗೆ ಹೋದ. ಒಬ್ಬ ದೊಡ್ಡ ಮ್ಯೂಸಿಕ್ ಡೈರೆಕ್ಟರ ಹತ್ತಿರ ಅಸಿಸ್ಟೆಂಟ್ ಆಗಿ ವರ್ಷಗಟ್ಟಲೆ ಹಾರ್ಮೋನಿಯಂ ಹೊತ್ತ. ನಾನು ಓದಿದ ಕಾನ್ವೆಂಟಿನಲ್ಲೇ ಟೀಚರ್ ಆದೆ. ಮದುವೆ ಆಗಲಿಲ್ಲ, ಅದಕ್ಕೆ ಕಥೆಯೇನೂ ಇಲ್ಲ. ಬೇಸಿಗೆ ರಜ ಬಂತೆಂದರೆ ಮದ್ರಾಸಿನ ರೈಲು ಹತ್ತುತ್ತಿದ್ದೆ. ಅಲ್ಲಿ ಒಂದು ಲಾಡ್ಜಿನ ರೂಮಿನಲ್ಲಿ ಅವನು ಟ್ಯೂನ್ ಕಟ್ಟುತ್ತಿದ್ದ. ಮಾತು ಬರೆಯುವ ಕವಿಗಳು ಬರುವ ತನಕ ಬಾಯಿಗೆ ಬಂದ, ಕನ್ನಡ ತೆಲುಗು ಬೆರೆತ ನಮ್ಮ ಮನೆಯ ಮಾತುಗಳನ್ನು ಟ್ಯೂನಿಗೆ ತುಂಬಿ ಹಾಡುತ್ತಿದ್ದ: ಸೊಪ್ಪು ತಾರಮ್ಮಾ, ನೀಳ್ಳು ಪೊಯ್ಯಮ್ಮಾ, ಎಲ್ಲ ಅಮ್ಮನ ಮಾತೇ. ಸ್ಟುಡಿಯೋದ ವಯೊಲಿನ್‌ನವರು ಸ್ಟಾಫ್ ನೊಟೇಶನ್ ಇಲ್ಲದೆ ಬಿಲ್ಲು ಎತ್ತುತ್ತಿರಲಿಲ್ಲ. ಅವನು ಹಾಡುತ್ತಿದ್ದ, ನಾನು ಐದು ಗೆರೆಗಳ ಮೇಲೆ ಬರೆಯುತ್ತಿದ್ದೆ. ನನ್ನ ಬದುಕಿನಲ್ಲಿ ನಾನು ಅಷ್ಟು ಖುಷಿಯಾಗಿದ್ದದ್ದು ಆ ಲಾಡ್ಜಿನ ರೂಮಿನಲ್ಲಿ ಮಾತ್ರ.

ಕೊನೆಗೂ ಅವನ ಸ್ವಂತ ಹೆಸರಿನಲ್ಲಿ ಒಂದು ಪಿಚ್ಚರ್ ಬಂತು. ಅದರಲ್ಲಿ ಒಬ್ಬ ತಾಯಿ ಮಗನಿಗಾಗಿ ಕಾಯುತ್ತಾ ಕೂರುವ ಹಾಡು. ಹಿನ್ನೆಲೆಗೆ ಮಳೆ ಸದ್ದು ಹಾಕಿ ಅಂದರಂತೆ ಪಿಚ್ಚರಿನ ಡೈರೆಕ್ಟರು. "ಮಳೆ ಎಲ್ಲಾ ಪಿಚ್ಚರಲ್ಲೂ ಸುರೀತದೆ. ನಾನು ಹುಳ ಹಾಕ್ತೀನಿ ಸಾರ್" ಅಂದನಂತೆ ಇವನು. ಅವರು ನಕ್ಕರು. ಆದರೂ ಒಂದು ವಾರ ಟೈಮ್ ಕೊಟ್ಟರು.

ಮೊದಲು ಸ್ಟುಡಿಯೋದಲ್ಲೇ ಎಲ್ಲ ನೋಡಿದ. ಮೊರದಲ್ಲಿ ಅಕ್ಕಿ ಆಡಿಸಿದ, ಪೇಪರ್ ಮುದುರಿದ, ವಯೊಲಿನ್‌ನವರಿಗೆಲ್ಲ ಬಿಲ್ಲು ಕೆಳಗಿಟ್ಟು ಬೆರಳ ತುದಿಯಲ್ಲಿ ಮರವನ್ನು ತಟ್ಟಲು ಹೇಳಿದ. ಅವರಲ್ಲೊಬ್ಬರು ವಯಸ್ಸಾದವರು, "ತಂಬಿ, ಇದಕ್ಕಾಗಿ ನಾನು ಮೂವತ್ತು ವರ್ಷ ಪ್ರಾಕ್ಟೀಸ್ ಮಾಡಲಿಲ್ಲ" ಅಂದರಂತೆ. ಏನು ಮಾಡಿದರೂ ಅದು ಮಳೆಯಾಗುತ್ತಿತ್ತು, ಹುಳ ಆಗುತ್ತಿರಲಿಲ್ಲ. ಕೊನೆಗೆ ಟೇಪ್ ಮೆಷಿನ್ನನ್ನೂ ಸೌಂಡ್ ಇಂಜಿನಿಯರನ್ನೂ ಕಾರಿನಲ್ಲಿ ಹಾಕಿಕೊಂಡು ಊರಿಗೇ ಬಂದ. ನನಗೂ ಬಾ ಅಂದಿದ್ದ.

ಇಂಜಿನಿಯರು ದಪ್ಪಗಿನ, ಸಾಧು ಮನುಷ್ಯ. ಅಮ್ಮ ಅವರಿಗೂ ಸ್ನಾನ ಮಾಡಿಸಿಯೇ ಒಳಗೆ ಬಿಟ್ಟಳು. ಅವರ ಸೆಂಟು ಹಾಕಿದ ಶರಟನ್ನು ಬೇಲಿಯ ಮೇಲೆ ಹಾಕಿ, ಅಪ್ಪನ ಹಳೇ ಪಂಚೆ ಕೊಟ್ಟಳು. ಹುಳ ನಾಲ್ಕನೇ ಜ್ವರದಿಂದ ಅವತ್ತೇ ಏಳುತ್ತಿತ್ತು. ಬೆಳಗ್ಗೆಗೆ ಪೂರ್ತಿ ಎದ್ದು ಗಡದ್ದಾಗಿ ಮೇಯುತ್ತವೆ, ಆಗ ರೆಕಾರ್ಡ್ ಮಾಡೋಣ ಎಂದಾಯಿತು. ಸಂಜೆ ಜಗಲಿಯಲ್ಲಿ ಕೂತಿದ್ದ ಇಂಜಿನಿಯರಿಗೆ ಸೊಳ್ಳೆ ಮುತ್ತಿಕೊಂಡವು. ಪಾಪ, ಬರಿಮೈ. ಕಾರಿನಲ್ಲಿದ್ದ ಸೊಳ್ಳೆ ಬತ್ತಿಯನ್ನು ತಮ್ಮ ತಂದು ಅವರ ಕಾಲ ಬಳಿ ಹಚ್ಚಿಟ್ಟ.

ಅವನಿಗೆ ಗೊತ್ತಿರಲಿಲ್ಲ ಅಂತಲ್ಲ. ಹುಟ್ಟಿದಾಗಿನಿಂದ ಗೊತ್ತಿದ್ದದ್ದು. ಆದರೆ ಮದ್ರಾಸಿನಲ್ಲಿ ಇಷ್ಟು ವರ್ಷ ಸಂಜೆಯಾದರೆ ಆ ಬತ್ತಿ ಹಚ್ಚಿ ಹಚ್ಚಿ ಕೈಗೆ ಅಭ್ಯಾಸವಾಗಿಬಿಟ್ಟಿತ್ತು. ಅಮ್ಮ ಹಿತ್ತಲಲ್ಲಿ ಸೊಪ್ಪು ಕತ್ತರಿಸುತ್ತಿದ್ದಳು, ನಾನು ಅಡುಗೆಮನೆಯಲ್ಲಿದ್ದೆ. ಹುಳದ ಕೋಣೆಯ ಕಿಟಕಿ ಜಗಲಿಗೇ ತೆರೆಯುತ್ತಿತ್ತು.

ಬೆಳಗ್ಗೆ ಸೊಪ್ಪು ಹಾಕಿ ನಾವೆಲ್ಲ ಉಸಿರು ಹಿಡಿದು ನಿಂತೆವು. ಇಂಜಿನಿಯರು ಮೈಕು ಹಿಡಿದರು, ಟೇಪು ತಿರುಗಿತು. ಏನೂ ಕೇಳಲಿಲ್ಲ. ಹುಳಗಳು ತಲೆ ಅತ್ತಿತ್ತ ಆಡಿಸುತ್ತಾ, ಬಾಯಲ್ಲಿ ಹಸಿರು ನೀರು ಬಿಡುತ್ತಿದ್ದವು. ಅಮ್ಮ ಒಂದು ಹುಳವನ್ನು ಅಂಗೈಗೆ ತೆಗೆದುಕೊಂಡು ನೋಡಿದಳು. ಜಗಲಿಗೆ ಹೋಗಿ ಸುರುಳಿಸುರುಳಿಯಾಗಿ ಬಿದ್ದಿದ್ದ ಬೂದಿಯನ್ನು ನೋಡಿದಳು. ತಟ್ಟೆಗಳನ್ನು ಒಂದೊಂದಾಗಿ ಹೊತ್ತು ತಿಪ್ಪೆಯ ಪಕ್ಕದ ಗುಂಡಿಗೆ ಸುರಿದಳು. ನಾನು ಸಹಾಯ ಮಾಡಿದೆ. ತಮ್ಮ ಬಾಗಿಲಲ್ಲೇ ನಿಂತಿದ್ದ.

ಕೈ ತೊಳೆದುಕೊಂಡು ಬಂದು ಅಮ್ಮ ಕೇಳಿದ್ದು ಇಷ್ಟೇ: "ನಿನ್ ಹಾಡಿಗೆ ಬೇಕಾದ್ದು ಸಿಕ್ತೇನ್ರಾ ನಾಯನಾ?"

"ಇಲ್ಲಮ್ಮ."

"ಹೋಗ್ಲಿ ಬಿಡು. ಮುಂದಿನ ಬೆಳೇಗೆ ಬಾ."

ಹಾಡಿಗೆ ಮಳೆಯೇ ಬಿತ್ತು. ಆ ಹಾಡೇ ಅವನನ್ನು ಮೇಲೆತ್ತಿತು. ಇವತ್ತಿಗೂ ರೇಡಿಯೋದವರು ಅದನ್ನು ಮಳೆ ಹಾಡು ಅಂತಲೇ ಕರೆಯುತ್ತಾರೆ. ಸ್ಟೇಜಿನ ಮೇಲೆ ಯಾರಾದರೂ ಅದನ್ನು ಹೊಗಳಿದರೆ ಅವನು ಕೈ ಮುಗಿದು ನೆಲ ನೋಡುತ್ತಿದ್ದ. ಎಷ್ಟು ಹಂಬಲ್ ನೋಡಿ ಅಂತ ಜನ ಚಪ್ಪಾಳೆ ತಟ್ಟುತ್ತಿದ್ದರು.

ಅಮ್ಮ ಮುಂದಿನ ಬೆಳೆಗೆ ಕರೆದಳು, ಅದರ ಮುಂದಿನದಕ್ಕೂ ಕರೆದಳು. ಅವನು ಬರುತ್ತಿದ್ದ. ಸೀರೆ, ಸ್ವೀಟು ತರುತ್ತಿದ್ದ. ಆದರೆ ಮನೆಯೊಳಗೆ ಬರುತ್ತಿರಲಿಲ್ಲ. ಅಂಗಳದಲ್ಲಿ ಹುಣಸೆ ಮರದ ಕೆಳಗೆ ಕುರ್ಚಿ ಹಾಕಿಸಿಕೊಂಡು ಕೂತು ಊಟ ಮಾಡಿ ಹೊರಟುಬಿಡುತ್ತಿದ್ದ. "ಒಳಗೆ ಬಾರೋ, ಅವೇನ್ ಕಚ್ತಾವಾ?" ಅಂದರೆ, "ಬೇಡಮ್ಮ, ಸ್ಟುಡಿಯೋದಿಂದ ಸೀದಾ ಬಂದಿದೀನಿ, ಮೈಯೆಲ್ಲಾ ಸಿಗರೇಟ್ ವಾಸನೆ" ಅನ್ನುತ್ತಿದ್ದ. ಅವನು ಸಿಗರೇಟು ಸೇದುತ್ತಲೇ ಇರಲಿಲ್ಲ. ಅಮ್ಮ ತೀರಿಕೊಂಡಾಗಲೂ ಆ ಕೋಣೆಯ ಹೊಸಲು ತುಳಿಯಲಿಲ್ಲ. ಆಮೇಲೆ ಮನೆಯನ್ನು ತೋಪಿನವರಿಗೆ ಕೊಟ್ಟೆವು. ಅವರು ಕೆಡವಿ ಮಾವಿನಹಣ್ಣಿನ ಶೆಡ್ಡು ಕಟ್ಟಿದರು.

ಇಂಡಸ್ಟ್ರಿ ಮದ್ರಾಸಿನಿಂದ ಬೆಂಗಳೂರಿಗೆ ಬಂದಾಗ ಅವನೂ ಬಂದ. ಆಮೇಲೆ ಕೀಬೋರ್ಡು ಬಂತು, ಕಂಪ್ಯೂಟರು ಬಂತು. ವಯೊಲಿನ್‌ನವರನ್ನು ಯಾರೂ ಕರೆಯದಂತಾಯಿತು. ಹಾಗಾಗಿ ನೊಟೇಶನ್ನೂ ಬೇಡವಾಯಿತು, ನನ್ನ ಬೇಸಿಗೆ ರಜಗಳು ಖಾಲಿಯಾದವು. ಸ್ವಲ್ಪ ವರ್ಷ ಕಳೆದ ಮೇಲೆ ಅವನನ್ನೂ ಯಾರೂ ಕರೆಯಲಿಲ್ಲ. ಅವನ ಹೆಂಡತಿ ಮೊದಲೇ ಹೋಗಿದ್ದಳು, ಮಕ್ಕಳಿರಲಿಲ್ಲ. ನಮ್ಮಲ್ಲಿ ಉಳಿದದ್ದು ಭಾನುವಾರದ ಫೋನು. "ಅಕ್ಕಾ, ಊಟ ಆಯ್ತಾ?" ಅಂತ ಕಿರುಚುತ್ತಿದ್ದ. ನಾನು ಹೇಳಿದ್ದಕ್ಕೆಲ್ಲ, "ಆಂ? ಏನಂದೆ?" ಲೈನು ಸರಿಯಿಲ್ಲ ಅಂದುಕೊಳ್ಳುತ್ತಿದ್ದೆ. ನಾನು ಟೀಚರ್ ಆಗಿದ್ದವಳು. ಮಕ್ಕಳ ಕಿವಿ ಮಂದವಾದರೆ ಹಿಂದಿನ ಬೆಂಚಿನಲ್ಲಿದ್ದರೂ ಕಂಡುಹಿಡಿಯುತ್ತಿದ್ದೆ.

ಹೋದ ವರ್ಷ ಒಂದು ಭಾನುವಾರ ಫೋನು ಮಾಡುವ ಬದಲು ಅವನೇ ಬಂದ. ಬಸ್ಸಿನಲ್ಲಿ, ಒಬ್ಬನೇ. ಕೂದಲಿಗೆ ಎಣ್ಣೆಯಿಲ್ಲ, ಮುಖಕ್ಕೆ ಸ್ನೋ ಇಲ್ಲ. ನಾನು ಬಾಗಿಲು ತೆರೆದ ಕೂಡಲೇ ಅಂದ, "ನಿನ್ನೆಯಿಂದ ಸೋಪು ಹಾಕಿಲ್ಲ ಅಕ್ಕಾ. ಬರೀ ನೀರು. ಯಾರದಾದ್ರೂ ಮನೇಲಿ ನಾಲ್ಕನೇ ಜ್ವರ ಎದ್ದವೇನೋ ವಿಚಾರಿಸು."

ವಿಚಾರಿಸಿದೆ. ನಮ್ಮೂರಿನಲ್ಲಿ ಹಿಂದೆ ನಮ್ಮ ಪಕ್ಕದ ಮನೆಯಲ್ಲಿದ್ದವರ ಸೊಸೆ ಹುಳ ಮಾಡುತ್ತಿದ್ದಳು. ಫೋನಿನಲ್ಲೇ, "ಬನ್ರಿ, ಭರ್ತಿ ಮೇಯ್ತಾ ಅವೆ" ಅಂದಳು. ಶ್ರೀನಿವಾಸಪುರದ ತನಕ ಬಸ್ಸಿನಲ್ಲಿ, ಅಲ್ಲಿಂದ ಆಟೋದಲ್ಲಿ ಹೋದೆವು. ಅವಳದು ಹೊಲದ ನಡುವಿನ ಶೆಡ್ಡು. ಬಾಗಿಲಲ್ಲಿ ಸುಣ್ಣ, ಕಾಲು ತೊಳೆಯಲು ನೀರು. ನನ್ನನ್ನು ನೋಡಿ ಮೂಗು ಅರಳಿಸಿದಳು.

"ಮಿಸ್ಸೂ, ಪೌಡರ್ ಹಾಕ್ಕೊಂಡಿದೀರಾ?"

"ಇಲ್ಲಮ್ಮ, ನಾನು ಇದೇ ಊರಲ್ಲಿ ಹುಟ್ಟಿದವಳು."

"ಹಂಗಾದ್ರೆ ಬನ್ನಿ. ಇವರೇನಾ ಸಿನಿಮಾದೋರು? ಮಳೆ ಹಾಡು ಮಾಡಿದೋರು? ನಮ್ಮತ್ತೆ ಯಾವಾಗ್ಲೂ ಹಾಡ್ತಾ ಇದ್ರು."

ಅವನಿಗೆ ಕೇಳಿಸಲಿಲ್ಲ ಅನ್ನಿಸುತ್ತದೆ. ಕಾಲನ್ನು ಎರಡೆರಡು ಸಲ ತೊಳೆದ, ಕೈಯನ್ನೂ ತೊಳೆದ. ಪ್ಯಾಂಟು ಮಡಿಸಿಕೊಂಡು ಹೊಸಲ ಬಳಿ ನಿಂತ. ನಾನು ಅವನ ಮೊಣಕೈ ಹಿಡಿದೆ. ಒಳಗೆ ಬಂದ.

ಈಗ ತಟ್ಟೆಗಳಿಲ್ಲ. ಉದ್ದುದ್ದ ಅಟ್ಟಣಿಗೆಗಳ ಮೇಲೆ ಕೊಂಬೆಕೊಂಬೆಯನ್ನೇ ಹಾಸಿರುತ್ತಾರೆ. ಆಗಷ್ಟೇ ಸೊಪ್ಪು ಹಾಕಿದ್ದಳು. ದೂರದ ಮೂಲೆಯಲ್ಲಿ ಶುರುವಾಯಿತು, ಪಕ್ಕಕ್ಕೆ ಹಬ್ಬಿತು, ನಮ್ಮನ್ನು ಸುತ್ತುವರಿಯಿತು. ಎಷ್ಟು ವರ್ಷಗಳ ಮೇಲೆ ಕೇಳುತ್ತಿದ್ದೆನೋ. ನಾನು ಕಣ್ಣು ಮುಚ್ಚಿಕೊಂಡೆ. ಅವನೂ ಹಾಗೇ ನಿಂತಿದ್ದಾನೆ ಅಂದುಕೊಂಡೆ.

ಅವನು ನನ್ನ ಕೈ ಹಿಡಿದು ಜಗ್ಗಿದ. "ಅಕ್ಕಾ" ಅಂದ, ಸಣ್ಣ ಮಕ್ಕಳ ಧ್ವನಿಯಲ್ಲಿ. "ನಿಲ್ಲಿಸಿಬಿಟ್ವು. ನಾನ್ ಏನೂ ಹಚ್ಕೊಂಡಿಲ್ಲ ಕಣೇ. ಸೋಪೂ ಹಾಕಿಲ್ಲ."

ನಾನು ಅವನ ಕಿವಿಯ ಹತ್ತಿರ ಬಾಯಿಟ್ಟು ಹೇಳಿದೆ, "ಮೇಯ್ತಾ ಇವೆ ಕಣೋ. ಕಣ್ಣು ಬಿಟ್ಟು ನೋಡು."

ಬಗ್ಗಿ ನೋಡಿದ. ಒಂದು ಎಲೆಯ ಅಂಚು ಅವನ ಕಣ್ಣೆದುರೇ ಸವೆದು ಸವೆದು ನರ ಮಾತ್ರ ಉಳಿಯಿತು. ಇನ್ನೊಂದು ಎಲೆ ನೋಡಿದ. ಬಹಳ ಹೊತ್ತು ಹಾಗೇ ಬಗ್ಗಿಕೊಂಡಿದ್ದ. ಆಮೇಲೆ ತನ್ನ ಎಡಗಿವಿಯನ್ನು ಬೆರಳಿನಿಂದ ಒಂದು ಸಲ ತಟ್ಟಿ, ಬಲಗಿವಿಯನ್ನು ತಟ್ಟಿ, ನನ್ನ ಕಡೆ ತಿರುಗಿದ. ಅವನ ಮುಖದಲ್ಲಿದ್ದದ್ದು ದುಃಖವಲ್ಲ. ಪರೀಕ್ಷೆಯಲ್ಲಿ ಪಾಸಾದ ಹುಡುಗರ ಮುಖವನ್ನು ನಾನು ಜನ್ಮವೆಲ್ಲ ನೋಡಿದ್ದೇನೆ.

"ಓ, ಕಿವಿ" ಅಂದ. "ಹುಳಕ್ಕೇನೂ ಆಗಿಲ್ಲ ತಾನೆ? ಹಂಗಾದ್ರೆ ಸರಿ."

ಅವನು ಈಗಿಲ್ಲ. ಟಿವಿಯವರು ಮಳೆ ಹಾಡು ಹಾಕಿ ಹಾಕಿ ತೋರಿಸಿದಾಗಲೇ ನನಗೆ ಗೊತ್ತಾದದ್ದು. ಅಕ್ಕಪಕ್ಕದವರು ಬಂದು, ಮಿಸ್, ಅವರು ನಿಮಗೆ ಪರಿಚಯವಿದ್ದರಾ ಅಂತ ಕೇಳಿದರು.

ಹುಳ ನೋಡಿ ಬಂದ ಅವತ್ತು ಶ್ರೀನಿವಾಸಪುರದ ಬಸ್‌ಸ್ಟಾಂಡಿನಲ್ಲಿ ಅವನನ್ನು ಬೆಂಗಳೂರು ಬಸ್ಸು ಹತ್ತಿಸಿದೆ. ಕಿಟಕಿ ಪಕ್ಕ ಸೀಟು ಸಿಕ್ಕಿತು. ತಲುಪಿದ ಮೇಲೆ ಫೋನು ಮಾಡು ಅಂದೆ. "ಆಂ?" ಅಂದ. ನಾನು ಕಿವಿಯ ಹತ್ತಿರ ಕೈ ಹಿಡಿದು ತೋರಿಸಿದೆ. ಅವನು ತಲೆಯಾಡಿಸಿದ. ಬಸ್ಸು ತಿರುಗಿತು. ಎಣ್ಣೆ ಕಾಣದ ಅವನ ಬಿಳಿ ಕೂದಲು ಗಾಳಿಗೆ ಎದ್ದು ನಿಂತಿತ್ತು. ಕಿಟಕಿಯ ಸರಳಿನ ಮೇಲೆ ಬೆರಳ ತುದಿಗಳಿಂದ ಮೆಲ್ಲಗೆ, ಒಂದೇ ಸಮನೆ ತಟ್ಟುತ್ತಿದ್ದ.